ಬಣ್ಣದಡಿಯ ನಂಬರು

ಫ್ಯಾನು ಕೆಟ್ಟದ್ದು ಮಂಗಳವಾರ ಮಧ್ಯಾಹ್ನ. ಒಂದು ಸಲ ಗುರ್ರೆಂದು ಗೊಣಗಿ, ಸುಟ್ಟ ವಾಸನೆ ಬಿಟ್ಟು, ತನ್ನ ಕೆಲಸ ಮುಗಿಯಿತು ಎಂಬಂತೆ ನಿಂತುಬಿಟ್ಟಿತು. ಕೊಂಡು ಇನ್ನೂ ಹತ್ತು ತಿಂಗಳು ತುಂಬಿರಲಿಲ್ಲ.

ಬೇರೆ ಮನೆಯಲ್ಲಾಗಿದ್ದರೆ ಕಿಟಕಿ ತೆಗೆದು, ನಾಲ್ಕು ಬೈದು ಸುಮ್ಮನಾಗಬಹುದಿತ್ತು. ಈ ಮನೆಯಲ್ಲಿ ಆ ಫ್ಯಾನಿನ ಕೆಳಗೆ ಟೈಲರಮ್ಮನ ಮಾವ ಮಲಗಿದ್ದರು. ಲಕ್ವ ಹೊಡೆದು ಒಂದು ಮಗ್ಗುಲು ಬಿದ್ದುಹೋಗಿ ವರ್ಷವಾಗಿತ್ತು. ಮಲಗಿ ಮಲಗಿ ಬೆನ್ನಿನಲ್ಲಿ ಹುಣ್ಣಾಗಿತ್ತು. ವಾರಕ್ಕೊಮ್ಮೆ ಬಂದು ನೋಡುವ ನರ್ಸಮ್ಮ ಮುಚ್ಚುಮರೆಯಿಲ್ಲದೆ ಹೇಳಿದ್ದರು, ಬೆವರು ನಿಲ್ಲಬಾರದು, ಗಾಳಿ ಆಡುತ್ತಿರಬೇಕು, ಇಲ್ಲದಿದ್ದರೆ ಹುಣ್ಣು ಮೂಳೆಗೆ ಇಳಿಯುತ್ತದೆ ಎಂದು. ಫ್ಯಾನು ನಿಂತ ಎರಡನೆಯ ದಿನಕ್ಕೇ ಪಟ್ಟಿ ಒದ್ದೆಯಾಗಿ ವಾಸನೆ ಎದ್ದಿತು, ನೊಣ ಮುತ್ತಿದವು. ಪಕ್ಕದ ಮನೆಯವರು ಕೊಟ್ಟ ಟೇಬಲ್ ಫ್ಯಾನು ಗಾಳಿಗಿಂತ ಸದ್ದನ್ನೇ ಧಾರಾಳವಾಗಿ ಕೊಡುತ್ತಿತ್ತು. ಅವಳು ಹೊಲಿಗೆ ಬಿಟ್ಟು ರಟ್ಟಿನ ತುಂಡು ಹಿಡಿದು ಬೀಸತೊಡಗಿದಳು. ಹುಣ್ಣು ಕಂಡು ಅವಳಿಗೆ ಒಂದು ದಿನವೂ ಹೇಸಿಗೆಯಾಗಿರಲಿಲ್ಲ. ಈಗ ಹೇಸಿಗೆಯಾದದ್ದು ಮನುಷ್ಯರನ್ನು ಕಂಡು.

ಮೊದಲನೆಯವನು ಅಂಗಡಿಯವನು. ಮಾರುವಾಗ ಎರಡು ವರ್ಷ ನೀವು ತಲೆ ಎತ್ತಿಯೂ ನೋಡಬೇಕಾಗಿಲ್ಲ ಎಂದು ಎದೆ ತಟ್ಟಿಕೊಂಡಿದ್ದ ಆಸಾಮಿ, ಈಗ ತಾನೇ ಫೋನಿನಿಂದ ತಲೆ ಎತ್ತಲಿಲ್ಲ. ಕಂಪನಿಗೆ ಫೋನ್ ಮಾಡಿ ಎಂದ. ಮಾಡಿದಳು. ಅರ್ಧ ಗಂಟೆ ಸಂಗೀತ ಕೇಳಿಸಿದರು. ಶುಕ್ರವಾರ ಮೆಕ್ಯಾನಿಕ್ ಬಂದ. ಸ್ಟೂಲು ಹತ್ತಿ ಟಾರ್ಚು ಬಿಟ್ಟು ನೋಡಿ, ಚೀಲದ ಜಿಪ್ಪನ್ನೂ ತೆಗೆಯದೆ ಇಳಿದ. ಬುಡದಲ್ಲಿರುವ ಸೀರಿಯಲ್ ನಂಬರಿನ ಮೇಲೆ ಬಣ್ಣ ಬಳಿದಿದ್ದೀರಿ, ನಂಬರು ಕಾಣದಿದ್ದರೆ ವಾರಂಟಿ ಇಲ್ಲ ಎಂದು ಹೇಳಿ ಹೊರಟೇಹೋದ.

ಬಳಿದವನು ಯಾರೆಂದು ಕೇಳಬೇಕೆ? ಅವಳ ಗಂಡ ಬಣ್ಣ ಹೊಡೆಯುವವನು. ಕಂಡವರ ಮನೆಯಲ್ಲಿ ಬ್ರಷ್ ಮುಟ್ಟುವ ಮೊದಲು ಒಂದೊಂದು ಸ್ವಿಚ್ಚಿಗೂ, ಬಾಗಿಲಿನ ಒಂದೊಂದು ಹಿಡಿಕೆಗೂ ಕಾಗದದ ಟೇಪು ಅಂಟಿಸುವ ನಾಜೂಕಿನ ಮನುಷ್ಯ. ತನ್ನ ಮನೆಯ ಕೋಣೆಗೆ ತಿಳಿನೀಲಿ ಬಳಿಯುವಾಗ ಕಂದು ಫ್ಯಾನಿಗೂ ರೆಕ್ಕೆಯಿಂದ ಬುಡದವರೆಗೆ ನೀಲಿ ಮೆತ್ತಿ ಇಳಿದಿದ್ದ.

"ಊರವರ ಸ್ವಿಚ್ಚಿಗೆಲ್ಲ ಟೇಪು ಅಂಟಿಸ್ತೀರಿ, ನಮ್ಮನೆ ಅಂದ್ರೆ ಅಷ್ಟು ಸಸಾರ," ಎಂದಳು. "ನಿಮ್ಮಪ್ಪನ ಬೆನ್ನು ಕೊಳೀತಿದೆ ರೀ. ಕಣ್ಣು ಎಲ್ಲಿಟ್ಟುಕೊಂಡು ಬಳಿದ್ರಿ?"

ಅವನು ಉಗುರಿಗಂಟಿದ ಬಣ್ಣ ಕೆರೆಯುತ್ತ ಕೂತ. ಹೌದು ಅನ್ನಲಿಲ್ಲ, ಅಲ್ಲ ಅನ್ನಲಿಲ್ಲ. ಆ ಮೌನ ಕಂಡು ಅವಳಿಗೆ ಇನ್ನಷ್ಟು ಮೈ ಉರಿಯಿತು. ಅಂದಿನಿಂದ ತಟ್ಟೆ ಇಡುವಾಗೊಮ್ಮೆ, ನೀರು ಕೊಡುವಾಗೊಮ್ಮೆ ಅವನ ನೀರಿಳಿಸಿದಳು. ಮಾವ ಗೋಡೆಯ ಕಡೆ ಮುಖ ಮಾಡಿ ಮಲಗಿರುತ್ತಿದ್ದರು.

ಬೈದರೆ ಗಾಳಿ ಬರುತ್ತದೆಯೇ? ಗುಂಡಿಯ ಡಬ್ಬಿಯಲ್ಲಿ ಮಡಿಸಿಟ್ಟಿದ್ದ ವಾರಂಟಿ ಕಾರ್ಡನ್ನು ಬಿಡಿಸಿ, ಮಿಷನ್ನಿನ ದೀಪದಡಿ ಹರಡಿ, ಕನ್ನಡಕ ಏರಿಸಿ ಕೂತಳು. ಯಾರೂ ಓದಬಾರದೆಂದೇ ಅಚ್ಚು ಹಾಕಿಸಿದ ಸಾಸಿವೆಯಂಥ ಅಕ್ಷರ. ಬಟ್ಟೆಗೆ ಗುರುತು ಹಾಕುವ ಚಾಕಿನಿಂದ ಸಾಲು ಸಾಲಿಗೂ ಗೆರೆ ಎಳೆಯುತ್ತ ಎರಡು ಸಲ ಓದಿದಳು. ಮೋಟರಿಗೆ ಎರಡು ವರ್ಷ. ಸುಟ್ಟರೆ ಬದಲಿ ಫ್ಯಾನು. ನಂಬರನ್ನು ಅಳಿಸಿರಬಾರದು, ತಿದ್ದಿರಬಾರದು. ಬಣ್ಣದ ಮಾತು ಎಲ್ಲಿಯೂ ಇರಲಿಲ್ಲ.

ಮರುದಿನ ಗಂಡನಿಂದಲೇ ಫ್ಯಾನು ಇಳಿಸಿಕೊಂಡು, ಅವನದೇ ಥಿನ್ನರಿನಲ್ಲಿ ಚಿಂದಿ ಅದ್ದಿ ಉಜ್ಜಿದಳು. ನಂಬರನ್ನು ತಗಡಿಗೆ ಕೊರೆದಿದ್ದರು. ನೀಲಿ ಕರಗಿದ ಹಾಗೆ ಒಂದೊಂದೇ ಅಂಕಿ ಮೇಲೆದ್ದು, ಹನ್ನೊಂದೂ ಕಾರ್ಡಿನ ಅಂಕಿಗಳಿಗೆ ಸರಿಹೊಂದಿದವು.

ಸೋಮವಾರ ಅದೇ ಮೆಕ್ಯಾನಿಕ್ ಬಂದ. ಈ ಸಲ ಬಿಚ್ಚಿ, ಮೀಟರಿಟ್ಟು ನೋಡಿ, ಮೋಟರು ಸುಟ್ಟಿರುವುದನ್ನು ಒಪ್ಪಿದ. ಆದರೂ ಬಣ್ಣ ಬಣ್ಣವೇ ಎಂದು ರಾಗ ಎಳೆದ.

"ಬಣ್ಣ ಬಳಿದ್ರೆ ವಾರಂಟಿ ಹೋಗುತ್ತೆ ಅಂತ ಇದ್ರಲ್ಲಿ ಎಲ್ಲಿದೆ? ಬೆರಳಿಟ್ಟು ತೋರಿಸಿ," ಎಂದು ಕಾರ್ಡು ಮುಂದಿಟ್ಟಳು.

ಅವನು ತನ್ನ ಕಂಪನಿಯ ಕಾರ್ಡನ್ನು ಜನ್ಮದಲ್ಲಿ ಮೊದಲ ಸಲ ಓದಿದ. ಬೆರಳಿಡಲು ಜಾಗ ಸಿಗಲಿಲ್ಲ. ಮೇಲಿನವರನ್ನು ಕೇಳಿ ನಾಳೆ ತಿಳಿಸುತ್ತೇನೆಂದು ಎದ್ದ. ಅವಳು ಬಾಗಿಲಿಗೆ ಅಡ್ಡ ನಿಂತು, ಇಲ್ಲೇ ಕೂತು ಈಗಲೇ ಕೇಳಿ, ನನಗೆ ಪಟ್ಟಿ ಬದಲಿಸುವ ಹೊತ್ತಾಯಿತು ಎಂದಳು. ಮಂಚದ ಪಕ್ಕದ ಸ್ಟೂಲಿನಲ್ಲಿ ಅವನನ್ನು ಕೂರಿಸಿ, ಮಾವನನ್ನು ಮಗ್ಗುಲಿಗೆ ಹೊರಳಿಸಿ ಪಟ್ಟಿ ಬಿಚ್ಚಿದಳು. ಕೀವು ಹತ್ತಿದ ಬಟ್ಟೆ ಅಂಟಿಕೊಂಡು ಮೆಲ್ಲನೆ ಬಂತು. ಕೋಣೆಯೆಲ್ಲ ನಾರಿತು. ಮೆಕ್ಯಾನಿಕ್ ಮುಖ ಹಿಂಡಿ, ಮೂಗಿಗೆ ಕರವಸ್ತ್ರ ಒತ್ತಿಕೊಂಡೇ ಫೋನು ತೆಗೆದ. ನಂಬರು ಸರಿಯಿದೆ ಸಾರ್, ಬದಲಿ ಕೊಡಲೇಬೇಕು ಸಾರ್ ಎಂದು ಅವನೇ ಅಂಗಲಾಚಿದ. ಎರಡು ನಿಮಿಷದಲ್ಲಿ ಒಪ್ಪಿಗೆ ಬಂತು.

ಗೆದ್ದೆನೆಂದು ಅವಳು ಹೊಸ ಪಟ್ಟಿ ಹರಿಯುತ್ತಿದ್ದಾಗ, ಗೋಡೆಯ ಕಡೆಯಿಂದ ಮಾವನ ತೊದಲು ಮಾತು ಕೇಳಿತು.

"ಅವನನ್ನ ಬೈಬೇಡಮ್ಮ. ಬಳಿ ಅಂದಿದ್ದು ನಾನು. ಹಗಲೆಲ್ಲ ಆ ಕಂದು ರೆಕ್ಕೆ ತಲೆ ಮೇಲೆ ಸುತ್ತೋದು ನೋಡಿದ್ರೆ, ಹದ್ದು ಕಾಯ್ತಾ ಇದೆ ಅನ್ನಿಸ್ತಿತ್ತು. ನಿಂಗೆ ಹೇಳಬೇಡ ಅಂತಾನೂ ನಾನೇ ಅಂದಿದ್ದೆ."

ಆರು ದಿನಗಳಿಂದ ಹೇಸಿದ ಎಲ್ಲರನ್ನೂ ಬಿಟ್ಟು ಅವಳಿಗೆ ಈಗ ತನ್ನ ನಾಲಿಗೆ ಕಂಡೇ ಹೇಸಿಗೆಯಾಯಿತು. ಈ ಮುದುಕರ ಬೆನ್ನನ್ನು ಪರರ ಮುಂದೆ ಬಿಚ್ಚಿಟ್ಟ ಕೈ ಕಂಡು ಇನ್ನೂ ಹೆಚ್ಚು. ಥೂ, ನಾನೂ ಅವರಂಥವಳೇ ಅಂದುಕೊಂಡಳು. ಆಗಲಿ ಮಾವ ಎಂದಷ್ಟೇ ಹೇಳಿ ಪಟ್ಟಿ ಕಟ್ಟಿದಳು.

ಗುರುವಾರ ಬದಲಿ ಫ್ಯಾನು ಬಂತು. ಅದೂ ಅದೇ ಕಂದು. ಗಂಡ ಅದನ್ನು ತೂಗುಹಾಕಲು ಏಣಿ ತಂದ. ಅವಳು ಅವನ ಚೀಲಕ್ಕೆ ಕೈ ಹಾಕಿ ಕಾಗದದ ಟೇಪು ತೆಗೆದಳು. ನಂಬರಿನ ಉದ್ದವನ್ನು ಅಳತೆ ಟೇಪಿನಿಂದ ಅಳೆದು, ಕತ್ತರಿಸಿ, ಅಂಚು ಏಳದ ಹಾಗೆ ಹೆಬ್ಬೆರಳಿನಿಂದ ಒತ್ತಿ ಅಂಟಿಸಿದಳು. ನೀಲಿಯ ಡಬ್ಬಿ ಅವನ ಮುಂದಿಟ್ಟಳು.

"ಮೊದಲು ಬಳೀರಿ. ಆಮೇಲೆ ಹಾಕಿದ್ರಾಯ್ತು," ಎಂದಳು.

ಬಣ್ಣ ಒಣಗುವವರೆಗೆ ಇನ್ನೊಂದು ಮಧ್ಯಾಹ್ನ ರಟ್ಟು ಬೀಸಬೇಕಾಯಿತು. ಅವಳು ಗೊಣಗಲಿಲ್ಲ. ಸಂಜೆ ಫ್ಯಾನು ಮೇಲೇರಿದಾಗ, ನಲವತ್ತು ವರ್ಷ ತಾವೂ ಬಣ್ಣ ಹೊಡೆದಿದ್ದ ಮಾವ ಆಡುವ ಕೈಯನ್ನು ಎತ್ತಿ, ಮೂರನೆಯ ರೆಕ್ಕೆಯ ತುದಿಯಲ್ಲಿ ಒಂದಿಷ್ಟು ಕಂದು ಉಳಿದಿದೆ ಎಂದು ಮಗನಿಗೆ ತೋರಿಸಿದರು.