ಅತ್ತೆಯ ಊರಿನ ಪ್ಲಗ್

ಪ್ಲಗ್ ಕಿತ್ತವಳು ನಾನೇ. ಇದನ್ನು ಮೊದಲೇ ಹೇಳಿಬಿಡುತ್ತೇನೆ. ಹೇಳದೆ ಬಚ್ಚಿಟ್ಟುಕೊಂಡು ಒಂದು ಇಡೀ ದಿನ ನಾನು ಪಟ್ಟ ಪಾಡು ಈ ಜನ್ಮಕ್ಕೆ ಸಾಕು.

ಹತ್ತೊಂಬತ್ತು ವರ್ಷದಿಂದ ನಾನು ಆಸ್ಪತ್ರೆಯ ಲಾಂಡ್ರಿಯಲ್ಲಿದ್ದೇನೆ. ಹಾಸಿಗೆಯ ಚಾದರ, ದಿಂಬಿನ ಚೀಲ, ಆಪರೇಷನ್ ಕೋಣೆಯ ಹಸಿರು ನಿಲುವಂಗಿ, ಎಲ್ಲವೂ ಕೊಳೆಯಾಗಿ ಬಂದು ಬಿಸಿಬಿಸಿಯಾಗಿ ಮರಳಿ ಹೋಗುವ ಜಾಗ ಅದು. ಅಲ್ಲಿ ಒಂದು ಕಟ್ಟಳೆ ಇದೆ. ಕೊನೆಗೆ ಹೊರಡುವವರು ಪ್ರತಿಯೊಂದು ಪ್ಲಗ್ಗನ್ನೂ ಕಿತ್ತು, ಕೈಯಲ್ಲಿ ಮುಟ್ಟಿ ನೋಡಿ ಹೊರಡಬೇಕು. ಹಿಂದೊಮ್ಮೆ ಯಾರೋ ಇಸ್ತ್ರಿಪೆಟ್ಟಿಗೆಯನ್ನು ಹಾಗೇ ಬಿಟ್ಟುಹೋಗಿ ಒಂದು ವಾರ್ಡಿಗಾಗುವಷ್ಟು ಚಾದರ ಸುಟ್ಟುಹೋಗಿದ್ದವಂತೆ. ಸ್ವಿಚ್ ಆರಿಸಿದರೆ ಸಾಲದು, ಪ್ಲಗ್ಗೇ ಹೊರಗೆ ಬರಬೇಕು. ಈ ಅಭ್ಯಾಸ ನನಗೆ ಎಷ್ಟು ಅಂಟಿದೆಯೆಂದರೆ ಮನೆಯಿಂದ ಹೊರಡುವಾಗಲೂ ಕೈ ತಾನಾಗಿ ಗೋಡೆಯ ಕಡೆ ಹೋಗುತ್ತದೆ. ನಮ್ಮ ಮನೆಯವರು ನನ್ನನ್ನು ಕರೆಯುವುದೇ ‘ಮೇನ್ ಸ್ವಿಚ್ಚು’ ಎಂದು. ಬಸ್ ಓಡಿಸುವ ಅವರು ಅರೆಬರೆ ಚಾರ್ಜ್ ಆದ ಫೋನ್ ಹಿಡಿದು ಕೆಲಸಕ್ಕೆ ಹೋದ ದಿನಗಳು ಒಂದೆರಡಲ್ಲ.

ಆ ಬೆಳಿಗ್ಗೆಯೂ ಅಷ್ಟೇ ಆಯಿತು. ಟೀವಿಯ ಕೆಳಗಿದ್ದ ವಿಡಿಯೋ ಗೇಮ್ ಕನ್ಸೋಲಿನಲ್ಲಿ ಒಂದು ಚಿಕ್ಕ ಕಿತ್ತಳೆ ದೀಪ ಮಿಣುಕುತ್ತಿತ್ತು. ಯಾರೂ ಆಡುತ್ತಿಲ್ಲ, ದೀಪ ಯಾಕೆ ದಂಡಕ್ಕೆ ಉರಿಯಬೇಕು ಎಂದು ಕಿತ್ತೆ. ಅದು ತನ್ನಷ್ಟಕ್ಕೆ ತಾನು ಹೊಸ ಅಪ್‌ಡೇಟ್ ಹಾಕಿಕೊಳ್ಳುತ್ತಿತ್ತೆಂದು ನನಗೆ ಯಾರು ಹೇಳಬೇಕು? ಚಪ್ಪಲಿ ಮೆಟ್ಟಿ ಹೊರಟೇಬಿಟ್ಟೆ.

ಮಧ್ಯಾಹ್ನ ಮರಳಿ ಬಂದಾಗ ಅತ್ತೆ ಟೀವಿಯ ಮುಂದೆ ಕೂತಿದ್ದರು. ಪ್ಲಗ್ ಮತ್ತೆ ಗೋಡೆಗೆ ಸೇರಿತ್ತು. ಪರದೆಯ ಮೇಲೆ ಕಂಪನಿಯ ಗುರುತು ಮೂಡುವುದು, ಮಾಯವಾಗುವುದು, ಮತ್ತೆ ಮೂಡುವುದು, ಇಷ್ಟೇ. ಎರಡು ತಾಸಿನಿಂದ ಹೀಗೇ ಆಗುತ್ತಿದೆ ಎಂದರು. ತಾವೇ ಏನೋ ಒತ್ತಬಾರದ್ದನ್ನು ಒತ್ತಿರಬೇಕು ಎಂದು ತಮ್ಮ ಬೆರಳುಗಳನ್ನು ನೋಡಿಕೊಂಡರು. ಬಾಯಿ ಬಿಟ್ಟರೆ ಬಣ್ಣಗೇಡು ಎಂದು ಸುಮ್ಮನೆ ಒಳಗೆ ಹೋಗಿ ಕೈಕಾಲು ತೊಳೆದುಕೊಂಡೆ.

ಇದು ಬರೀ ಒಂದು ಆಟವಾಗಿದ್ದರೆ ನಾನು ಅಷ್ಟು ಹೆದರುತ್ತಿರಲಿಲ್ಲ.

ಕನ್ಸೋಲ್ ತಂದವರು ನಮ್ಮ ಮನೆಯವರು, ಕಾರು ಓಡಿಸುವ ಆಟ ಆಡುವುದಕ್ಕೆ. ದಿನವೆಲ್ಲ ಬಸ್ ಓಡಿಸಿ ಮನೆಗೆ ಬಂದು ಮತ್ತೆ ಓಡಿಸುವುದರಲ್ಲಿ ಏನು ಸುಖವೆಂದು ಒಂದೇ ವಾರದಲ್ಲಿ ಅವರಿಗೂ ಜ್ಞಾನೋದಯವಾಯಿತು. ಜೊತೆಗೆ ಬಂದಿದ್ದ ಊರು ಕಟ್ಟುವ ಆಟ ಅತ್ತೆಯ ಕೈ ಸೇರಿತು. ಅತ್ತೆ ನಮ್ಮ ಆಸ್ಪತ್ರೆಯಲ್ಲೇ ಮೂವತ್ತೊಂದು ವರ್ಷ ಟೆಲಿಫೋನ್ ಆಪರೇಟರ್ ಆಗಿದ್ದವರು. ನೆಲಮಾಳಿಗೆಯಲ್ಲಿ ಕಿಟಕಿಯಿಲ್ಲದ ಒಂದು ಕೋಣೆ, ಒಂದು ಬೋರ್ಡು, ಕಿವಿಗೊಂದು ಹೆಡ್‌ಫೋನು. ಆ ಆಸ್ಪತ್ರೆಯ ಅರ್ಧ ಜನರ ಮುಖವನ್ನು ಅವರು ನೋಡಿಯೇ ಇರಲಿಲ್ಲ. ಆದರೆ ದನಿ ಕೇಳಿದರೆ ಇಂಥವರು ಇವತ್ತು ಊಟ ಮಾಡಿಲ್ಲ ಎನ್ನುವಷ್ಟರ ಮಟ್ಟಿಗೆ ಬಲ್ಲರು.

ಆಟದಲ್ಲಿ ಪ್ರತಿ ಮನೆಗೂ ಒಬ್ಬರನ್ನು ತಂದು ಕೂರಿಸಬಹುದು. ಕಣ್ಣು, ಮೂಗು, ಕೂದಲು ಎಲ್ಲ ನಮಗೆ ಬೇಕಾದ ಹಾಗೆ. ಅತ್ತೆ ಮೂರು ವರ್ಷದಲ್ಲಿ ತಮಗೆ ನೆನಪಿದ್ದ ಒಂದೊಂದು ದನಿಗೂ ಒಂದೊಂದು ಮುಖ ಮಾಡಿ, ಒಂದೊಂದು ಮನೆ ಕೊಟ್ಟರು. ‘ಹಲೋ’ ಎನ್ನುವ ಮುಂಚೆ ಮೂರು ಸಲ ಕೆಮ್ಮುತ್ತಿದ್ದ ಎಕ್ಸ್-ರೇ ಕೋಣೆಯವರಿಗೆ ಬೆಟ್ಟದ ಮೇಲೆ, ಗಾಳಿ ಚೆನ್ನಾಗಿರುವಲ್ಲಿ ಮನೆ. ದಿನಾ ಬೆಳಿಗ್ಗೆ ಆರಕ್ಕೆ ಫೋನ್ ಮಾಡಿ ಅಮ್ಮನ ಜ್ವರ ಎಷ್ಟಿದೆ ಎಂದು ಕೇಳುತ್ತಿದ್ದ ಬೇಕರಿಯವನಿಗೆ ಅವನಮ್ಮನ ಪಕ್ಕದ ಮನೆ. ನೂರರ ಮೇಲೆ ಜನ ಇದ್ದರು ಆ ಊರಲ್ಲಿ.

ಈಚೆಗೆ ಅತ್ತೆಗೆ ಮರೆವು ಶುರುವಾಗಿದೆ. ಕನ್ನಡಕವನ್ನು ಹಣೆಯ ಮೇಲಿಟ್ಟುಕೊಂಡು ಹುಡುಕುವುದು ಎಲ್ಲರೂ ಮಾಡುವ ಕೆಲಸ. ಅತ್ತೆ ‘ಕನ್ನಡಕ’ ಎನ್ನುವ ಮಾತನ್ನೇ ಹುಡುಕುತ್ತಾರೆ. ಊರು ತೆರೆದು ಕೂತರೆ ಮಾತ್ರ ಒಬ್ಬರೂ ತಪ್ಪುವುದಿಲ್ಲ. ಆ ಮುಖ ನೋಡಿದ ಕೂಡಲೇ ದನಿ, ಹೆಸರು, ವಾರ್ಡು, ಎಲ್ಲ ಸರಸರನೆ ಬಾಯಿಗೆ ಬರುತ್ತದೆ. ಊರು ಅಳಿಸಿಹೋದರೆ ಅವರು ಅದನ್ನು ಇನ್ನೊಮ್ಮೆ ಕಟ್ಟಲಾರರು. ಇದು ನನಗೂ ಗೊತ್ತಿತ್ತು, ಅವರಿಗೂ ಗೊತ್ತಿತ್ತು.

ಮನೆಯವರು ಬಂದು ನೋಡಿದರು. ಎರಡು ಗುಂಡಿ ಒಟ್ಟಿಗೆ ಒತ್ತಿ ಹಿಡಿದರೆ ಒಂದು ಪಟ್ಟಿ ಬರುತ್ತದೆ ಎಂದು ಫೋನಿನಲ್ಲಿ ಓದಿ, ಒತ್ತಿ ಹಿಡಿದರು. ಪಟ್ಟಿ ಬಂತು. ಅದರ ಕೊನೆಯ ಸಾಲಿನ ಮೇಲೆ ಬೆರಳಿಟ್ಟು, ಎಲ್ಲ ಅಳಿಸಿಬಿಡೋಣ, ಹೊಸದರ ಹಾಗೆ ಆಗುತ್ತೆ, ಅಮ್ಮನಿಗೆ ಹೇಗೂ ಹೊತ್ತು ಹೋಗಬೇಕಲ್ಲ, ಇನ್ನೊಂದು ಊರು ಕಟ್ಟಿಕೊಳ್ತಾಳೆ ಎಂದರು. ಅವರ ಮಣಿಕಟ್ಟನ್ನು ನಾನು ಹಿಡಿದ ರೀತಿಗೆ ಅವರೇ ಬೆಚ್ಚಿದರು. ಸಿಟ್ಟು ನನಗೆ ಮೂಗಿನ ತುದಿಯಲ್ಲೇ ಇರುತ್ತದೆ, ಅದು ಎಲ್ಲರಿಗೂ ಗೊತ್ತು. ಆದರೆ ಅವತ್ತಿನ ಸಿಟ್ಟು ಅವರ ಮೇಲಿನದಲ್ಲ.

ಮಾರನೇ ದಿನ ನನಗೆ ವಾರದ ರಜೆ. ಕನ್ಸೋಲನ್ನು ಟವೆಲ್ಲಿನಲ್ಲಿ ಸುತ್ತಿಕೊಂಡು ಅತ್ತೆ, ನಾನು ರಿಪೇರಿ ಅಂಗಡಿಗೆ ಹೋದೆವು. ಬಸ್ಸಿನಲ್ಲಿ ಅತ್ತೆ ಅದನ್ನು ತೊಡೆಯ ಮೇಲಿಟ್ಟುಕೊಂಡು ಎರಡೂ ಕೈಯಲ್ಲಿ ಹಿಡಿದಿದ್ದರು. ನಾನು ಹಿಡಿದುಕೊಳ್ತೀನಿ ಎಂದರೂ ಕೊಡಲಿಲ್ಲ.

ರಿಪೇರಿಯವರು ಐವತ್ತು ದಾಟಿದ ಮನುಷ್ಯ. ಮೇಜಿನ ತುಂಬ ಬಿಚ್ಚಿಟ್ಟ ಯಂತ್ರಗಳು, ಹಳೆಯ ಚಹಾ ಲೋಟದ ತುಂಬ ಸ್ಕ್ರೂಗಳು. ಕನ್ಸೋಲನ್ನು ತಮ್ಮ ಟೀವಿಗೆ ಸಿಕ್ಕಿಸಿ, ಒಂದು ನಿಮಿಷ ನೋಡಿ, ಅಪ್‌ಡೇಟ್ ಆಗುತ್ತಿರುವಾಗ ಕರೆಂಟು ಹೋಗಿದೆ ಎಂದರು. ಅತ್ತೆ ನಿನ್ನೆ ಕರೆಂಟು ಹೋಗಿರಲಿಲ್ಲವಲ್ಲ ಎಂದರು.

“ಹಾಗಾದ್ರೆ ಯಾರೋ ಪ್ಲಗ್ ಕಿತ್ತಿದಾರೆ,” ಎಂದರು ರಿಪೇರಿಯವರು, ತಲೆ ಎತ್ತದೆ.

ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡರಂತೆ. ನನ್ನ ಬಲಗೈ ಸೆರಗಿನೊಳಗೆ ಹೋಗಿಬಿಟ್ಟಿತ್ತು. ಅತ್ತೆ ನನ್ನ ಕಡೆ ನೋಡಲಿಲ್ಲ. ನೋಡಿದ್ದರೆ ಬಹುಶಃ ಸುಳ್ಳು ಹೇಳುತ್ತಿದ್ದೆ.

“ನಾನೇ ಅತ್ತೆ,” ಎಂದೆ. “ನಿನ್ನೆಯೇ ಹೇಳ್ಬೇಕಿತ್ತು. ಹೆದರಿಕೆ ಆಯ್ತು.”

ಅತ್ತೆ ಟವೆಲ್ಲನ್ನು ನಾಲ್ಕು ಮಡಿಕೆ ಮಾಡಿದರು, ಮತ್ತೆ ಬಿಚ್ಚಿದರು, ಮತ್ತೆ ಮಡಿಸಿದರು. ಬೈದಿದ್ದರೆ ಚೆನ್ನಾಗಿರುತ್ತಿತ್ತು ಅನ್ನಿಸಿತು.

ರಿಪೇರಿಯವರು ಇಂಥದ್ದನ್ನು ಎಷ್ಟೋ ಸಲ ಕಂಡವರಿರಬೇಕು. ಯಂತ್ರ ಮುಖ್ಯವೋ ಒಳಗಿರುವುದು ಮುಖ್ಯವೋ ಎಂದು ಕೇಳಿದರು. ಒಳಗಿರುವುದು ಎಂದೆವು ಇಬ್ಬರೂ. ಹಾಗಾದರೆ ದಾರಿ ಇದೆ ಎಂದು ಬಿಡಿಸಿ ಹೇಳಿದರು. ಆಟವೇ ಬೇರೆ, ಆಡಿ ಮುಟ್ಟಿದ ಜಾಗವೇ ಬೇರೆ. ಪುಸ್ತಕ ಕಳೆದರೆ ಇನ್ನೊಂದು ತರಬಹುದು, ಎಷ್ಟನೇ ಪುಟದಲ್ಲಿದ್ದಿರಿ ಎನ್ನುವುದು ಮಾತ್ರ ಹೋಗಬಾರದು. ಅದನ್ನು ಯಂತ್ರ ಬೇರೆ ಕಡೆ ಇಟ್ಟಿರುತ್ತದೆ. ರಿಸೆಟ್‌ನಲ್ಲಿ ಎರಡು ಬಗೆ. ಒಂದು, ಸೇವ್ ಆದದ್ದನ್ನು ಉಳಿಸಿಕೊಂಡು ಉಳಿದದ್ದನ್ನೆಲ್ಲ ತೊಳೆಯುವುದು. ಇನ್ನೊಂದು, ಅದನ್ನೂ ಸೇರಿಸಿ ತೊಳೆಯುವುದು. ಪಟ್ಟಿಯಲ್ಲಿ ಒಂದರ ಕೆಳಗೆ ಒಂದು ಇರುತ್ತವೆ. ಮೇಲಿನದನ್ನು ಒತ್ತಬೇಕು, ಆಮೇಲೆ ಆಟವನ್ನು ಹೊಸದಾಗಿ ಇಳಿಸಿಕೊಳ್ಳಬೇಕು.

ನೀವೇ ಮಾಡಿಕೊಡಿ ಎಂದೆ. ಆಗಲ್ಲ ಎಂದರು.

“ಈ ಗುಂಡಿ ಮಾತ್ರ ನಾನು ಯಾರಿಗೂ ಒತ್ತಿ ಕೊಡಲ್ಲಮ್ಮ. ಅದರಲ್ಲಿ ಇರೋದು ಏನು ಅಂತ ನನಗೆ ಗೊತ್ತಿರಲ್ಲ. ಗೊತ್ತಿರೋರೇ ಒತ್ತಬೇಕು.”

ಮನೆಗೆ ಬರುವವರೆಗೂ ಅತ್ತೆ ಕನ್ಸೋಲನ್ನು ಕೈಯಿಂದ ಇಳಿಸಲಿಲ್ಲ. ಬಂದು ಅದನ್ನು ಟೀವಿಯ ಕೆಳಗಿಟ್ಟು, ಅದರ ಮೇಲೆ ಇಲ್ಲದ ಧೂಳನ್ನು ಒರೆಸಿ, ನನ್ನ ಕಡೆ ತಿರುಗಿದರು.

“ನೀನೇ ಕಿತ್ತಿದ್ದು, ನೀನೇ ಒತ್ತು. ನಾನು ನೋಡಲ್ಲ,” ಎಂದು ಹಿಂದಿನ ಬಾಲ್ಕನಿಗೆ ಹೋಗಿ ಬಾಗಿಲು ಎಳೆದುಕೊಂಡರು.

ಮಾಡಿದ್ದುಣ್ಣೋ ಮಹಾರಾಯ. ಎರಡು ಗುಂಡಿ ಒತ್ತಿ ಹಿಡಿದೆ. ಪಟ್ಟಿ ಬಂತು. ಮೇಲಿನ ಸಾಲನ್ನು ಮೂರು ಸಲ ಓದಿದೆ, ಕೆಳಗಿನದನ್ನು ನಾಲ್ಕು ಸಲ ಓದಿದೆ. ಬೆವರಿದ ಹೆಬ್ಬೆರಳು ಎಲ್ಲಿ ಜಾರುತ್ತದೋ ಎಂದು ಸೆರಗಿಗೆ ಒರೆಸಿಕೊಂಡೆ. ಒತ್ತಿದೆ. ಖಚಿತವೇ ಎಂದು ಕೇಳಿತು. ಇಂಥ ಪ್ರಶ್ನೆಯನ್ನು ನಿನ್ನೆ ಪ್ಲಗ್ಗು ಕೇಳಿದ್ದರೆ ಎಷ್ಟು ಚೆನ್ನಾಗಿತ್ತು ಎಂದುಕೊಂಡು, ಹೌದು ಎಂದು ಒತ್ತಿದೆ.

ಪರದೆ ಕಪ್ಪಾಯಿತು. ನೀಲಿ ಗೆರೆಯೊಂದು ಎಡದಿಂದ ಬಲಕ್ಕೆ ಇರುವೆಯಂತೆ ಹರಿಯಿತು. ಆಮೇಲೆ ಕಂಪನಿಯ ಗುರುತು ಮೂಡಿತು, ಈ ಸಲ ಮಾಯವಾಗಲಿಲ್ಲ. ಯಂತ್ರ ಬದುಕಿತು. ಆಟವನ್ನು ಇಳಿಸಲು ಇಟ್ಟೆ. ಮುಗಿಯಲು ಮುಕ್ಕಾಲು ಗಂಟೆ ಬೇಕಾಯಿತು. ಅಷ್ಟರಲ್ಲಿ ಎರಡು ಸಲ ಎದ್ದು ಬಾಲ್ಕನಿಯ ಬಾಗಿಲ ತನಕ ಹೋಗಿ ಹಿಂದೆ ಬಂದೆ.

ಯಾರು ಆಡುತ್ತಿದ್ದೀರಿ ಎಂದು ಕೇಳುವ ಪರದೆ ಬಂತು. ಅಲ್ಲಿ ಎರಡು ಚಿತ್ರ ಇದ್ದವು. ಕಾಲ್ಚೆಂಡು ನಮ್ಮ ಮನೆಯವರದು. ಹಳದಿ ಹೂವು ಅತ್ತೆಯದು. ಅದನ್ನು ಕಳೆದ ವರ್ಷ ನಾನೇ ಕೂತು ಮಾಡಿಕೊಟ್ಟಿದ್ದೆ, ಅತ್ತೆಗೆ ಅವರದೇ ಒಂದು ಖಾತೆ ಇರಲಿ ಎಂದು. ಎರಡೂ ಉಳಿದಿದ್ದು ಕಂಡು ಹೋದ ಜೀವ ಅರ್ಧ ಬಂತು. ಹೂವನ್ನು ಒತ್ತಿ ಆಟ ತೆರೆದೆ.

ಹಸಿರು ಬಯಲು. ಒಂದು ನದಿ. ಒಂದು ಮನೆಯಿಲ್ಲ, ಒಂದು ನರಪಿಳ್ಳೆಯಿಲ್ಲ. ‘ನಿಮ್ಮ ಊರಿಗೆ ಹೆಸರಿಡಿ’ ಎಂದು ಬರೆದಿತ್ತು.

ನಾನು ಅಳುವವಳಲ್ಲ. ಅವತ್ತು ಅತ್ತುಬಿಟ್ಟೆ. ಸದ್ದು ಹೊರಗೆ ಹೋಗದಿರಲೆಂದು ಅದೇ ಟವೆಲ್ಲನ್ನು ಬಾಯಿಗೆ ಒತ್ತಿಕೊಂಡು ಬಿಕ್ಕಿದೆ. ಆಮೇಲೆ, ಒಮ್ಮೆ ಬಚ್ಚಿಟ್ಟಿದ್ದೇ ಸಾಕು ಎಂದು ಎದ್ದು, ಬಾಲ್ಕನಿಯ ಬಾಗಿಲು ತೆಗೆದೆ. ಅತ್ತೆ ಬೆನ್ನು ಹಾಕಿ ನಿಂತು ಒಣಗಿದ ಬಟ್ಟೆಯ ಕ್ಲಿಪ್ಪುಗಳನ್ನು ಒಂದೊಂದಾಗಿ ತೆಗೆಯುತ್ತಿದ್ದರು.

“ಹೋಯ್ತು ಅತ್ತೆ. ಬರೀ ಬಯಲು ಬಂತು. ಮೇಲಿನದನ್ನೇ ಒತ್ತಿದ್ದು, ಆದ್ರೂ ಹೋಯ್ತು.”

ಅತ್ತೆ ಕೈಯಲ್ಲಿದ್ದ ಕ್ಲಿಪ್ಪನ್ನು ಮತ್ತೆ ಹಗ್ಗಕ್ಕೇ ಸಿಕ್ಕಿಸಿದರು. ಆಮೇಲೆ ನಿಧಾನವಾಗಿ, ಯಾವ ಚಿತ್ರ ಒತ್ತಿದೆ ಎಂದು ಕೇಳಿದರು. ಹೂವು ಎಂದೆ. ಅವರ ಮುಖದಲ್ಲಿ ಮೊದಲು ಬಂದದ್ದು ಸಂತೋಷವಲ್ಲ, ನಾಚಿಕೆ. ಸಿಕ್ಕಿಬಿದ್ದವರ ನಾಚಿಕೆ.

“ನಾನು ಅದರಲ್ಲಿ ಒಂದು ದಿನಾನೂ ಆಡಿಲ್ಲ ಕಣೇ,” ಎಂದರು. “ನೀನು ಮಾಡಿಕೊಟ್ಟ ದಿನ ತೆಗೆದು ನೋಡಿದೆ. ಊರೇ ಇರ್ಲಿಲ್ಲ. ಹೆದರಿ ಮುಚ್ಚಿ, ಊರಿದ್ದ ಚೆಂಡಿನ ಖಾತೆಗೇ ಮತ್ತೆ ಹೋದೆ. ನೀನು ಅಷ್ಟು ಆಸೆಯಿಂದ ಮಾಡಿಕೊಟ್ಟಿದ್ದೆ, ನಿನಗೆ ಹೇಳೋಕೆ ಬಾಯಿ ಬರ್ಲಿಲ್ಲ.”

ಒಂದು ವರ್ಷ ಕಾಲ ನಾನು ಮನೆಯಲ್ಲಿರುವಾಗ ಅತ್ತೆ ಪರದೆಗೆ ಅಡ್ಡ ಕೂತು ಚಿತ್ರ ಒತ್ತುತ್ತಿದ್ದುದು ಯಾಕೆಂದು ಆಗ ತಿಳಿಯಿತು. ನಾನು ಒಂದು ದಿನ ಬಚ್ಚಿಟ್ಟರೆ ಅವರು ಒಂದು ವರ್ಷ. ಅತ್ತೆಗೆ ತಕ್ಕ ಸೊಸೆ ಎಂದು ಹೇಳಿಕೊಳ್ಳಲು ನನಗೆ ಇನ್ನೂ ಅಭ್ಯಾಸ ಬೇಕು.

ಇಬ್ಬರೂ ಬಂದು ಟೀವಿಯ ಮುಂದೆ ಕೂತೆವು. ಕಾಲ್ಚೆಂಡನ್ನು ಅತ್ತೆಯೇ ಒತ್ತಿದರು. ಒಂದು ಕ್ಷಣ ಮೋಡ ತುಂಬಿದ ಪರದೆ. ಮೋಡ ಸರಿಯಿತು, ಬೆಟ್ಟ ಕಂಡಿತು, ಬೆಟ್ಟದ ಮೇಲೆ ಎಕ್ಸ್-ರೇ ಕೋಣೆಯವರು ತಮ್ಮ ಬಾಗಿಲ ಮುಂದೆ ನಿಂತು ಕೈ ಬೀಸುತ್ತಿದ್ದರು. ಅತ್ತೆ ‘ಅಬ್ಬ’ ಎಂದರು, ಉಸಿರಿನಷ್ಟೇ ಸಣ್ಣಗೆ. ನನ್ನ ಮೈಯಿಂದ ಒಂದು ಮೂಟೆ ಚಾದರ ಇಳಿದ ಹಾಗಾಯಿತು.

ಅತ್ತೆ ಬೀದಿ ಬೀದಿ ಸುತ್ತಿದರು. ಯಾರೂ ತಪ್ಪಿಹೋಗಿಲ್ಲ ಎಂದು ಖಾತ್ರಿ ಮಾಡಿಕೊಳ್ಳಬೇಕಿತ್ತು. ಬೇಕರಿಯವನು, ಅವನಮ್ಮ, ರಕ್ತದ ಬ್ಯಾಂಕಿನ ಗೊಗ್ಗರು ದನಿಯವಳು, ಮಕ್ಕಳ ವಾರ್ಡಿನಿಂದ ಪಿಸುಗುಟ್ಟುತ್ತಿದ್ದ ದಾದಿ, ಒಬ್ಬೊಬ್ಬರನ್ನೂ ಹೆಸರು ಹಿಡಿದು ಕರೆದರು. ಒಂದು ಸಲವೂ ತಡವರಿಸಲಿಲ್ಲ. ಕೊನೆಗೆ ಊರಿನ ನಡುವೆ, ನದಿಯ ಪಕ್ಕ, ಕೆಂಪು ಹೆಂಚಿನ ಒಂದು ಮನೆಯ ಮುಂದೆ ನಿಂತರು. ನಾನು ಇಷ್ಟು ದಿನ ಸರಿಯಾಗಿ ಗಮನಿಸದ ಮನೆ. ಬಾಗಿಲಲ್ಲಿ ಒಬ್ಬಳು ಸೊಂಟದ ಮೇಲೆ ಕೈಯಿಟ್ಟು ನಿಂತಿದ್ದಳು. ಮುಖದಲ್ಲಿ ಅರ್ಧ ಬರೀ ಬಾಯಿ. ಇವಳು ಯಾರು ಎಂದು ಕೇಳಿದೆ.

ಮೊದಲು ಕಟ್ಟಿದ ಮನೆಯೇ ಇದು ಎಂದರು ಅತ್ತೆ. ಇವಳು ಲಾಂಡ್ರಿಯಿಂದ ಫೋನ್ ಮಾಡುತ್ತಿದ್ದಳಂತೆ. ಕೆಲಸಕ್ಕೆ ಸೇರಿ ವಾರವಾಗಿಲ್ಲ, ಮೂರನೇ ವಾರ್ಡಿನವರು ಹಳೇ ಚಾದರ ಕಳಿಸದೆ ಹೊಸದು ಕೇಳುತ್ತಾರೆಂದು ದೊಡ್ಡ ಡಾಕ್ಟರಿಗೇ ಲೈನ್ ಕೊಡಿ ಎಂದು ಜಗಳಕ್ಕೆ ನಿಂತಿದ್ದಳಂತೆ.

ನಾನು ಪರದೆಯ ಹತ್ತಿರ ಹೋಗಿ ನೋಡಿದೆ.

“ಅತ್ತೆ, ನನ್ನ ಬಾಯಿ ಇಷ್ಟು ದೊಡ್ಡದಾ?”

“ನಿನ್ನ ಮುಖ ಆಗ ನಾನೆಲ್ಲಿ ನೋಡಿದ್ದೆ?” ಎಂದರು ಅತ್ತೆ. “ದನಿ ಹಾಗಿತ್ತು. ಅವತ್ತೇ ಅಂದುಕೊಂಡೆ, ಇವಳು ನಮ್ಮನೇಲಿದ್ರೆ ಯಾವುದೂ ಕಳೆದುಹೋಗಲ್ಲ ಅಂತ.”

ನಾನು ನಕ್ಕೆ, ಮತ್ತೆ ಅಳು ಬಂತು. ಅತ್ತೆ ಆಟವನ್ನು ಸೇವ್ ಮಾಡಿ, ಮಾಡಿದ್ದು ಆಯಿತೇ ಎಂದು ಇನ್ನೊಮ್ಮೆ ನೋಡಿ, ನನ್ನ ಬೆನ್ನ ಮೇಲೆ ಕೈಯಿಟ್ಟುಕೊಂಡು ಕೂತರು.