ಕೈಲುಮುಹೂರ್ತದ ತಪಾಸಣೆ

ಅವಸರ, ಎಷ್ಟು ಅವಸರದಲ್ಲಿ ಬಾರಿಸುತ್ತಾನೆ ಗಂಟೆಯನ್ನು, ಯಾರೋ ಹೊಸಬ, ಮನೆಗೆ ಬೆಂಕಿ ಬಿದ್ದವರ ಹಾಗೆ, ಒಂದು ಪೆಟ್ಟಿನ ನಾದ ಮುಗಿಯಲು ಬಿಡಬೇಡವೇ — ನನಗೇನು, ನಾನು ಗೇಟಿನ ಹೊರಗಿದ್ದೇನೆ, ಒಳಗೆ ಲಾಡು ಹಂಚುತ್ತಿದ್ದಾರೆ, ಇವತ್ತಿನಿಂದ ಕೊಡಗು ರಾಜ್ಯವಿಲ್ಲ, ಎಲ್ಲ ಮೈಸೂರು, ಕಮಿಟಿಯ ಕಾಲೇಜೂ ಇಲ್ಲ, ಸರ್ಕಾರದ್ದು, ಮೇಷ್ಟರುಗಳೆಲ್ಲ ಕುಳಿತ ಕುರ್ಚಿಯಲ್ಲೇ ಸರ್ಕಾರಿ ನೌಕರರಾದರು, ಪುಣ್ಯವಂತರು, ನಾನು, ಲ್ಯಾಬಿನ ಅಟೆಂಡರ್ ಮಾಯಿಲಪ್ಪ, ಮಾತ್ರ ಬೀದಿಗೆ. ನಿನ್ನನ್ನು ನೇಮಿಸಿದ್ದು ಕಮಿಟಿ, ಕಮಿಟಿಯೇ ಇಲ್ಲವಲ್ಲ, ನಾವೇನು ಮಾಡೋಣ ಅಂದ ಗುಮಾಸ್ತ, ಎಲೆಅಡಿಕೆ ಜಗಿಯುತ್ತ. ಮೇಷ್ಟರುಗಳನ್ನು ನೇಮಿಸಿದ್ದು ಯಾರಂತೆ, ದೇವೇಂದ್ರನೇ? ಕೈ ಇನ್ನೂ ಫಾರ್ಮಲಿನ್ ವಾಸನೆ ಹೊಡೆಯುತ್ತದೆ, ಮದುವೆಯ ಹೊಸತರಲ್ಲಿ ಹೆಂಡತಿ ಯಮುನ ಈ ವಾಸನೆಗೆ ಅತ್ತಿದ್ದಳು, ಈಗ ವಾಸನೆ ಹೋಗುತ್ತದೆ ಅಂತ ಅಳುತ್ತಾಳೆ, ನಿಮ್ಗೇನ್ ಅಷ್ಟು ಹಠ, ತಪಾಸಣೆ ದಿನ ಒಂದ್ ಕತ್ರಿ ಎತ್ಕೊಂಡಿದ್ರೆ ಕೈ ಸವ್ದೋಗ್ತಿತ್ತಾ. ಹಠವಲ್ಲ ಕಣೇ, ಅವತ್ತು ಕೈಲುಮುಹೂರ್ತ, ನಮ್ಮ ಆಯುಧಪೂಜೆಯ ಹಬ್ಬ, ದುಡಿಯುವ ಆಯುಧಗಳನ್ನೆಲ್ಲ ತೊಳೆದು ಗಂಧ ಹಚ್ಚಿ ಇಟ್ಟರೆ ಪೂಜೆಯಾಗುವವರೆಗೆ ಮುಟ್ಟುವ ಹಾಗಿಲ್ಲ, ಉಳ್ಳವರ ಮನೆಯಲ್ಲಿ ಕೋವಿ, ಒಡಿಕತ್ತಿ, ನೇಗಿಲು, ನನಗೆ ಗದ್ದೆ ಎಲ್ಲಿದೆ, ಕಪ್ಪೆ ಕುಯ್ಯುವ ಕತ್ತರಿ, ಚಿಮಟ, ದಿನಾ ನಾನೇ ಬಾರಿಸುತ್ತಿದ್ದ ಗಂಟೆಯ ಸುತ್ತಿಗೆ, ಇವೇ ನನ್ನ ಆಯುಧ. ಪ್ರತಿ ವರ್ಷ ಲ್ಯಾಬಿನ ಮೇಜಿನ ಮೇಲೆ ಜೋಡಿಸಿ, ಹಬ್ಬದ ದಿನ ಕೋವಿಗೆ ಸಿಕ್ಕಿಸುವ ಕೋವಿಹೂವು ಇಡುತ್ತೇನೆ, ದೀಪ ಹಚ್ಚುವವರು ಪ್ರಿನ್ಸಿಪಾಲರು, ಮೊಣ್ಣಪ್ಪನವರೇ ಖುದ್ದಾಗಿ, ಮನೆಯ ಕೋವಿಪೂಜೆ ಮುಗಿಸಿ ಬಂದು, ವಿದ್ಯೆಯ ಮನೆಯಲ್ಲೂ ಪದ್ಧತಿ ಇರಬೇಕು ಮಾಯಿಲಪ್ಪ ಅನ್ನುತ್ತಿದ್ದರು. ನಂಬಿದೆ, ಮಂಕನ ಹಾಗೆ ನಂಬಿದೆ.

ಆ ದಿನವೇ ಬರಬೇಕೇ ಮೈಸೂರಿನ ಸಾಹೇಬ, ಯಾರನ್ನು ಇಟ್ಟುಕೊಳ್ಳುವುದು ಯಾರನ್ನು ಬಿಡುವುದು ಅಂತ ನೋಡಲು, ಇಲ್ಲಿ ಹಬ್ಬ ಅಂತ ಅವನಿಗೆ ಗೊತ್ತಿಲ್ಲ, ಹೇಳಲು ಇವರಿಗೆ ಧೈರ್ಯವಿಲ್ಲ, ರಜೆಯಲ್ಲೇ ಎಲ್ಲರನ್ನೂ ಕರೆಸಿದರು. ಒಂದು ಕಪ್ಪೆ ಕುಯ್ದು ತೋರಿಸಪ್ಪ ಅಂದ, ಒಳ್ಳೆಯ ಮಾತಿನಲ್ಲೇ ಅಂದ, ಸುಳ್ಳೇಕೆ ಹೇಳಲಿ. ಪೂಜೆಗಿಟ್ಟಿದೀನಿ ಸ್ವಾಮಿ, ಮಧ್ಯಾಹ್ನ ದೀಪ ಹಚ್ಚಿದ್ ಮೇಲೆ ಎಷ್ಟು ಬೇಕಾದ್ರೂ ಕುಯ್ತೀನಿ ಅಂದೆ, ಅಂದವನು ಪ್ರಿನ್ಸಿಪಾಲರ ಮುಖ ನೋಡಿದೆ, ಹೌದು, ಇದು ನಮ್ಮ ಕಡೆಯ ಪದ್ಧತಿ ಅಂತ ಒಂದು ಮಾತು, ಬಾಯಿ ಸವೆಯುತ್ತಿತ್ತೇ — ಬೆಳಗಿನ ಗಂಧ ಅವರ ಹಣೆಯ ಮೇಲೆ ಇನ್ನೂ ಇತ್ತು. ಇವನು ಮೊದಲಿನಿಂದಲೂ ಸ್ವಲ್ಪ ಹೀಗೇ ಸರ್, ಅಂದರು. ಇವನಂತೆ, ಹೀಗೇ ಅಂತೆ, ಕಮಿಟಿಯವರ ಮುಂದೆ ನನ್ನ ಬಲಗೈ ಅನ್ನುತ್ತಿದ್ದ ಬಾಯಿ, ಕುರ್ಚಿ ಅಲ್ಲಾಡಿದಾಗ ಬಲಗೈಯನ್ನೇ ಕಡಿದು ಕೊಟ್ಟರು, ಥೂ. ಹಾಗೆಂದು ಕರವಸ್ತ್ರ ತೆಗೆದರು — ಬೇಡ, ಅದು ಬೇಡ, ಮನೆಗೆ ಹೋಗಬೇಕು, ಕುಟ್ಟದ ಎಸ್ಟೇಟಿನಲ್ಲಿ ಕಾಫಿ ಪಿಕಿಂಗಿಗೆ ಆಳು ಬೇಕಂತೆ, ಯಮುನಳ ತಮ್ಮ ಮುತ್ತ ಹೇಳಿದ, ಈ ವಯಸ್ಸಿನಲ್ಲಿ ಕೂಲಿಗಳ ಲೈನ್‌ಮನೆ, ಆಳುಗಳ ಲೆಕ್ಕ ಬರೆಯುವ ರೈಟರನ ಬೈಗುಳ, ಬೈಯಲಿ, ಅವನು ಎದುರಿಗೇ ಬೈಯುತ್ತಾನೆ — ಕರವಸ್ತ್ರ ತೆಗೆದರು, ಒಳಗೆ ಚಪ್ಪಾಳೆ, ಯಾರೋ ಭಾಷಣ, ಪ್ರಿನ್ಸಿಪಾಲರದೇ ಗಂಟಲು — ಮೇಜಿನ ಬಳಿ ಹೋದರು, ಹೂವನ್ನು ಪಕ್ಕಕ್ಕೆ ಸರಿಸಿದರು, ಕತ್ತರಿ ಎತ್ತಿಕೊಂಡರು, ನನ್ನ ಕತ್ತರಿ, ನನ್ನ ಕಡೆ ನೋಡಲಿಲ್ಲ, ಗಂಧ ಒರೆಸಿದರು, ನಿಧಾನವಾಗಿ, ಮೊದಲು ಒಂದು ಅಲಗು, ಆಮೇಲೆ ಇನ್ನೊಂದು, ಬಿಳಿ ಕರವಸ್ತ್ರ ಹಳದಿಯಾಯಿತು, ಒರೆಸಿದರು, ಒರೆಸುತ್ತಲೇ ಇದ್ದರು.