ಮಾರ್ಚ್ ಮೂವತ್ತೊಂದರ ವಿಮೆ

ನಿಂತಿದ್ದ ಬಸ್ಸಿನ ಮರೆಯಿಂದ ಮುದುಕರೊಬ್ಬರು ರಸ್ತೆಗಿಳಿದದ್ದು ವಿಶಾಲಾಕ್ಷಿಯ ಕಣ್ಣಿಗೆ ಬೀಳುವಷ್ಟರಲ್ಲಿ ತಡವಾಗಿತ್ತು. ಬ್ರೇಕ್ ತುಳಿದಳು. ಮಳೆಯಲ್ಲಿ ನೆನೆದಿದ್ದ ರಸ್ತೆಯ ಮೇಲೆ ಕಾರು ಜಾರಿಕೊಂಡೇ ಹೋಗಿ ಅವರಿಗೆ ತಗುಲಿತು. ಇಳಿದು ಓಡಿದವಳು ಮೊದಲು ನಾಡಿ ಹಿಡಿದಳು, ಆಮೇಲೆ ಕಾಲು ನೋಡಿದಳು. ತೊಡೆಯ ಮೂಳೆ ಮುರಿದಿತ್ತು. ಆಂಬುಲೆನ್ಸ್ ಬರುವವರೆಗೂ ತನ್ನ ಕೋಟನ್ನು ಅವರಿಗೆ ಹೊದಿಸಿ ತಲೆಯ ಬಳಿ ಕೂತಿದ್ದಳು. ಅವರ ಹೆಸರು ಹಾಲಿಸ್, ಮನೆಯಲ್ಲಿ ಒಬ್ಬರೇ ಇರುವುದು ಎಂದು ಅವರೇ ಹಲ್ಲು ಕಚ್ಚಿಕೊಂಡು ಹೇಳಿದರು.

ಅದು ೧೯೭೯ರ ಆಗಸ್ಟ್. ಬ್ರಿಸ್ಬೇನ್ ಬಿಟ್ಟು ಅಡಿಲೇಡಿನ ಮಾಡ್ಬರಿಗೆ ಬಂದು ವಿಶಾಲಾಕ್ಷಿಗೆ ಇನ್ನೂ ಮೂರು ತಿಂಗಳು. ಅಲ್ಲಿನ ಕ್ಲಿನಿಕ್ಕೊಂದರಲ್ಲಿ ಡಾಕ್ಟರ್ ಕೆಲಸ ಸಿಕ್ಕಿತ್ತು. ಗಂಡ ಚಂದ್ರಮೌಳಿ ಸರ್ಜನ್. ಮಾರ್ಚ್‌ನಲ್ಲಿ ಒಂದು ತಿಂಗಳ ಬದಲಿ ಕೆಲಸಕ್ಕೆಂದು ಪರ್ತ್ ನಗರಕ್ಕೆ ಹೋದವನು ಅಲ್ಲಿಯೇ ಹೃದಯಾಘಾತವಾಗಿ ತೀರಿಕೊಂಡಿದ್ದ. ಅವನಿಲ್ಲದ ಬ್ರಿಸ್ಬೇನ್ ಮನೆಯಲ್ಲಿ ಇರಲಾರದೆ, ಹನ್ನೊಂದು ವರ್ಷದ ಮಗಳು ಇಂದಿರಾಳನ್ನು ಕರೆದುಕೊಂಡು ಅವನ ಕಾರಿನಲ್ಲೇ ಇಲ್ಲಿಗೆ ಬಂದಿದ್ದಳು. ಕಾರಿಗೆ ಇನ್ನೂ ಕ್ವೀನ್ಸ್‌ಲ್ಯಾಂಡಿನ ನಂಬರ್ ಪ್ಲೇಟೇ ಇತ್ತು.

ಪೊಲೀಸರು ಅವಳ ಚಾಲನೆಯಲ್ಲಿ ತಪ್ಪು ಕಾಣಲಿಲ್ಲ. ಆದರೆ ನಾಲ್ಕನೆಯ ದಿನ ಠಾಣೆಗೆ ಕರೆಸಿದರು. ಬ್ರಿಸ್ಬೇನಿನಿಂದ ಬಂದ ಉತ್ತರದ ಪ್ರಕಾರ ಕಾರಿನ ನೋಂದಣಿ, ಅದರ ಜೊತೆಗಿನ ವಿಮೆ, ಎರಡೂ ಮಾರ್ಚ್ ಮೂವತ್ತೊಂದಕ್ಕೇ ಮುಗಿದಿದ್ದವು. ಅಪಘಾತದ ದಿನ ವಿಮೆ ಇತ್ತೆಂದು ಸಾಬೀತು ಮಾಡುವವರೆಗೆ ಲೈಸೆನ್ಸ್ ಅಮಾನತು.

"ನನ್ನ ಗಂಡ ಒಂದು ದಿನವೂ ತಡಮಾಡಿದವರಲ್ಲ," ಎಂದಳು ವಿಶಾಲಾಕ್ಷಿ.

"ಹಾಗಾದರೆ ರಸೀದಿ ತನ್ನಿ," ಎಂದ ಅಧಿಕಾರಿ, ಕಠಿಣವಾಗಿಯೇನಲ್ಲ.

ಕಾಗದಪತ್ರದ ಕೆಲಸವೆಲ್ಲ ಚಂದ್ರಮೌಳಿಯದೇ ಆಗಿತ್ತು. ಅವಳು ಪೆಟ್ಟಿಗೆಗಳನ್ನೆಲ್ಲ ಬಿಚ್ಚಿದಳು. ಪರ್ತಿನ ಆಸ್ಪತ್ರೆಯವರು ಕೊಟ್ಟಿದ್ದ, ಇಷ್ಟು ದಿನ ಮುಟ್ಟದೇ ಇಟ್ಟಿದ್ದ ಸೂಟ್‌ಕೇಸನ್ನೂ ಬಿಚ್ಚಿ, ಅವನ ಅಂಗಿಗಳ ಜೇಬುಗಳಿಗೆ ಒಂದೊಂದಾಗಿ ಕೈ ಹಾಕಿ ನೋಡಿದಳು. ಹಿಂದಿನ ಆರು ವರ್ಷದ ರಸೀದಿಗಳು ಪಿನ್ನು ಹೊಡೆದು ಜೋಡಿಸಿದ್ದವು. ಈ ವರ್ಷದ್ದು ಮಾತ್ರ ಇರಲಿಲ್ಲ.

ಬಾಗಿಲಲ್ಲಿ ನಿಂತು ನೋಡುತ್ತಿದ್ದ ಇಂದಿರಾ ಕೇಳಿದಳು, "ಡಿಡ್ ಡ್ಯಾಡ್ ಫರ್ಗೆಟ್?"

"ಗೊತ್ತಿಲ್ಲಮ್ಮ," ಎಂದಳು. ಹಾಗೆ ಹೇಳಿದ್ದಕ್ಕೆ ತನ್ನ ಮೇಲೆ, ಹೇಳುವಂತೆ ಮಾಡಿದ್ದಕ್ಕೆ ಅವನ ಮೇಲೆ, ಇಬ್ಬರ ಮೇಲೂ ಅವಳಿಗೆ ಸಿಟ್ಟು ಬಂತು.

ಉಳಿದದ್ದು ಒಂದೇ ದಾರಿ. ಪರ್ತಿನ ಮೋರ್ಲಿಯಲ್ಲಿದ್ದ ಡಾಕ್ಟರ್ ಸಿದ್ದಲಿಂಗಯ್ಯ ಚಂದ್ರಮೌಳಿಗೆ ಮೈಸೂರಿನ ಮೆಡಿಕಲ್ ಕಾಲೇಜಿನಿಂದ ಸ್ನೇಹಿತ. ಹೃದಯಾಘಾತವಾದ ಮೇಲೆ, ಅವಳು ವಿಮಾನ ಹತ್ತಿ ಬರುವವರೆಗೆ, ಆಸ್ಪತ್ರೆಯಲ್ಲಿ ಗಂಡನ ಹಾಸಿಗೆಯ ಪಕ್ಕದಲ್ಲಿದ್ದವನು ಅವನೇ. ಫೋನ್ ಮಾಡಿದಳು.

"ಕಾರಿನ ಇನ್ಶೂರೆನ್ಸ್ ವಿಷ್ಯ ಅವ್ರೇನಾದ್ರೂ ಹೇಳಿದ್ರಾ ಸಿದ್ದಲಿಂಗಯ್ಯನವ್ರೇ?"

"ನೋಡಿ ಹೇಳ್ತೀನಿ ಅತ್ತಿಗೆ," ಎಂದವನೇ ಫೋನ್ ಇಟ್ಟುಬಿಟ್ಟ.

ಶನಿವಾರ ಬೆಳಿಗ್ಗೆ ಅವನು ಹೇಳದೆ ಕೇಳದೆ ವಿಮಾನ ಹತ್ತಿ ಬಂದು ಬಾಗಿಲಲ್ಲಿ ನಿಂತ. ಕಾಫಿ ಬೇಡವೆಂದ. ಕೂತ ಮೇಲೆ ಜೇಬಿನಿಂದ ಒಂದು ಲಕೋಟೆ ತೆಗೆದು ಮೇಜಿನ ಮೇಲಿಟ್ಟ. ಅಂಚೆಚೀಟಿ ಅಂಟಿಸಿತ್ತು, ಮುದ್ರೆ ಬಿದ್ದಿರಲಿಲ್ಲ. ಬ್ರಿಸ್ಬೇನಿನ ವಿಮಾ ಕಂಪನಿಯ ವಿಳಾಸ, ಚಂದ್ರಮೌಳಿಯ ಅಕ್ಷರದಲ್ಲಿ.

"ನೀವು ಬರೋ ಹಿಂದಿನ ದಿನ ಕೊಟ್ಟಿದ್ದ. ಇವತ್ತೇ ಪೋಸ್ಟ್ ಮಾಡ್ಬಿಡೋ ಅಂದ. ಕೋಟಿನ ಜೇಬಲ್ಲಿ ಇಟ್ಕೊಂಡೆ. ಆಮೇಲೆ ಅವ್ನೇ ಹೋಗ್ಬಿಟ್ಟ. ಜೂನಲ್ಲಿ ಇಲ್ಲಿನ ಚಳಿಗಾಲ ಶುರುವಾಯ್ತು ಅಂತ ಕೋಟು ತೆಗ್ದಾಗ ಕೈಗೆ ಸಿಕ್ತು." ಸಿದ್ದಲಿಂಗಯ್ಯ ತಲೆ ಎತ್ತಲಿಲ್ಲ. "ಆಗ್ಲಾದ್ರೂ ಹೇಳ್ಬೇಕಿತ್ತು. ನಾಚ್ಕೆ ಆಯ್ತು. ನೀವು ಹೇಗೂ ಹೊಸದಾಗಿ ಮಾಡ್ಸಿರ್ತೀರಿ ಅಂತ ನನಗೆ ನಾನೇ ಹೇಳ್ಕೊಂಡೆ."

ವಿಶಾಲಾಕ್ಷಿ ಲಕೋಟೆ ಒಡೆದಳು. ಭರ್ತಿ ಮಾಡಿದ ನವೀಕರಣದ ಅರ್ಜಿ, ಚೆಕ್ಕು, ಜೊತೆಗೊಂದು ಚೀಟಿ. ಆಸ್ಪತ್ರೆಯಲ್ಲಿರುವುದರಿಂದ ಅಕ್ಷರ ಚೆನ್ನಾಗಿಲ್ಲ, ಕ್ಷಮಿಸಿ, ರಸೀದಿಯನ್ನು ನನ್ನ ಹೆಂಡತಿಯ ಹೆಸರಿಗೆ ಕಳಿಸಿ ಎಂದು ಬರೆದಿದ್ದ. ಎದೆಯ ನೋವಿನಲ್ಲಿ, ಮಲಗಿದಲ್ಲೇ. ಇಂದಿರಾಳನ್ನು ಕರೆದು ಆ ಚೀಟಿಯನ್ನು ಅವಳ ಕೈಗೆ ಕೊಟ್ಟಳು.

"ಅಪ್ಪ ಮರೀಲಿಲ್ಲ, ನೋಡು."

ಮಗಳು ಓದಿ, ಚೀಟಿಯನ್ನು ಹಿಡಿದುಕೊಂಡೇ ತನ್ನ ಕೋಣೆಗೆ ಹೋದಳು.

ಸಿದ್ದಲಿಂಗಯ್ಯ ದನಿ ತಗ್ಗಿಸಿದ. "ಅತ್ತಿಗೆ, ಇದನ್ನ ಹರ್ದುಹಾಕಿ. ಮಾರ್ಚಲ್ಲೇ ನನ್ನ ಕೈಯಾರೆ ಪೋಸ್ಟ್ ಮಾಡ್ದೆ, ಅಂಚೇಲಿ ಕಳ್ದುಹೋಗಿರ್ಬೇಕು ಅಂತ ಪ್ರಮಾಣಪತ್ರ ಬರ್ಕೊಡ್ತೀನಿ. ಡಾಕ್ಟರ್ ಮಾತು, ನಂಬ್ತಾರೆ. ನಿಮ್ಮ ಲೈಸೆನ್ಸ್ ಉಳಿಯುತ್ತೆ, ಆ ಮುದುಕರಿಗೂ ಕಂಪನಿಯಿಂದ ಪರಿಹಾರ ಸಿಗುತ್ತೆ. ಯಾರಿಗೆ ನಷ್ಟ?"

ಅವಳು ತಕ್ಷಣ ಬೇಡವೆನ್ನಲಿಲ್ಲ. ಮನೆಮನೆಗೆ ಹೋಗಿ ನೋಡಬೇಕಾದ ರೋಗಿಗಳಿದ್ದರು. ಎದ್ದು ಕಿಟಕಿಯ ಬಳಿ ಹೋಗಿ ನಿಂತಳು.

"ಸಾಯೋ ಹಿಂದಿನ ದಿನ ಅವ್ರು ಮಾಡಿದ ಕೊನೇ ಕೆಲ್ಸ ಇದು," ಎಂದಳು ಕೊನೆಗೆ. "ಇದನ್ನ ಹರ್ದುಹಾಕಿ ಸುಳ್ಳು ಹೇಗೆ ಕೊಡ್ಲಿ? ನಡೆದದ್ದನ್ನೇ ಬರ್ಕೊಡಿ."

ಅವನು ಬರೆದುಕೊಟ್ಟ. ತನ್ನ ತಪ್ಪನ್ನು ಒಂದೂ ಬಿಡದೆ ಬರೆದ. ಅವನನ್ನು ಬಾಗಿಲವರೆಗೆ ಕಳಿಸಿಕೊಟ್ಟಳಾದರೂ ಹೋಗಿ ಬನ್ನಿ ಎನ್ನಲು ಅವಳಿಗೆ ಬಾಯಿ ಬರಲಿಲ್ಲ.

ಕಂಪನಿಯ ಉತ್ತರ ವಿನಯದಿಂದಲೇ ಬಂತು: ಅಂಚೆಗೇ ಬೀಳದ ಅರ್ಜಿಗೆ ವಿಮೆಯಿಲ್ಲ. ನ್ಯಾಯಾಲಯದಲ್ಲಿ ಅವಳು ತಪ್ಪೊಪ್ಪಿಕೊಂಡಳು. ಲಕೋಟೆಯನ್ನು ನೋಡಿದ ಮ್ಯಾಜಿಸ್ಟ್ರೇಟರು ಜುಲ್ಮಾನೆ ಹಾಕದೆ ಬಿಟ್ಟರು, ಆದರೆ ಮೂರು ತಿಂಗಳು ಲೈಸೆನ್ಸ್ ಇಲ್ಲವೆಂದರು. ಅದಾದ ಮೇಲೆ ಚಾಲ್ತಿಯಲ್ಲಿರುವ ವಿಮೆಯ ಪ್ರಮಾಣಪತ್ರ ತಂದು ತೋರಿಸಬೇಕು.

ವಿಮೆಯಿಲ್ಲದ ವಾಹನಗಳಿಂದ ಗಾಯಗೊಂಡವರಿಗೆಂದು ಸರ್ಕಾರದ ನಿಧಿಯೊಂದಿತ್ತು. ಹಾಲಿಸ್ ಅವರ ಪರವಾಗಿ ಆ ಅರ್ಜಿಯನ್ನು ವಿಶಾಲಾಕ್ಷಿಯೇ ಬರೆದಳು. ಕೊಟ್ಟ ಹಣವನ್ನು ನಿಧಿಯವರು ಮುಂದೆ ತನ್ನಿಂದಲೇ ವಸೂಲಿ ಮಾಡುತ್ತಾರೆಂದು ಗೊತ್ತಿದ್ದೂ ಬರೆದಳು. ಆಸ್ಪತ್ರೆಯ ಹಾಸಿಗೆಯಲ್ಲಿ ಹಾಲಿಸ್ ಅರ್ಜಿ ಓದಿ, ಕನ್ನಡಕ ತೆಗೆದರು. "ಕಾರಿಗೆ ವಿಮೆ ಇರಲಿಲ್ಲವೆಂದು ನೀವೇ ಏಕೆ ನನಗೆ ಬರೆದುಕೊಟ್ಟಿರಿ?" ಎಂದು ಕೇಳಿದರು. ಅವಳು ಪೆನ್ನನ್ನು ಅವರ ಕೈಗೆ ಕೊಟ್ಟಳು. ಅವರು ಸಹಿ ಹಾಕಿದರು.

ಮೂರು ತಿಂಗಳು ಅವಳು ಬಸ್ಸಿನಲ್ಲಿ, ಕಾಲ್ನಡಿಗೆಯಲ್ಲಿ ಓಡಾಡಿದಳು. ಬ್ಯಾಗಿನ ಪಟ್ಟಿ ಹೆಗಲನ್ನು ಉಜ್ಜಿ ಕೆಂಪಾಗಿಸಿತು. ಒಮ್ಮೊಮ್ಮೆ ಬಸ್ ಸ್ಟಾಪಿನಲ್ಲಿ ಸಿದ್ದಲಿಂಗಯ್ಯನ ಮೇಲೆ ಸಿಟ್ಟು ಉಕ್ಕಿ ಬರುತ್ತಿತ್ತು. ಒಮ್ಮೊಮ್ಮೆ, ಅಷ್ಟು ದೂರ ವಿಮಾನದಲ್ಲಿ ಆ ಲಕೋಟೆಯನ್ನು ಜೇಬಿನಲ್ಲಿಟ್ಟುಕೊಂಡು ಕೂತವನ ಮುಖ ಕಣ್ಣಮುಂದೆ ಬರುತ್ತಿತ್ತು.

ಡಿಸೆಂಬರಿನಲ್ಲಿ, ಕಾರನ್ನು ತನ್ನ ಹೆಸರಿಗೆ ನೋಂದಾಯಿಸಿ, ವಿಮೆಯ ಪ್ರಮಾಣಪತ್ರವನ್ನು ಕೌಂಟರಿನಲ್ಲಿಟ್ಟಳು. ಗುಮಾಸ್ತೆ ದಿನಾಂಕ ನೋಡಿ, ಹೆಸರನ್ನು ಎರಡು ಸಲ ತಡವರಿಸಿ ಓದಿ, ಲೈಸೆನ್ಸ್ ಮರಳಿಸಿದಳು.

ಅಂದು ಮಧ್ಯಾಹ್ನ ವಿಶಾಲಾಕ್ಷಿ ಪರ್ತಿಗೆ ಫೋನ್ ಮಾಡಿದಳು. ಲೈಸೆನ್ಸ್ ಬಂತೆಂದು ಹೇಳಿದಳು. ಸಿದ್ದಲಿಂಗಯ್ಯ "ಒಳ್ಳೇದಾಯ್ತು ಅತ್ತಿಗೆ" ಎಂದನಷ್ಟೇ.

"ಮಾರ್ಚಲ್ಲಿ ಅವ್ರ ವರ್ಷದ ಕಾರ್ಯ ಇದೆ. ನೀವು ಬರ್ಬೇಕು."

"ನಾನಾ?"

"ಕೊನೇವರೆಗೂ ಪಕ್ಕದಲ್ಲಿ ಇದ್ದೋರು ನೀವಲ್ವಾ? ನನಗಿಂತ ಹೆಚ್ಚು ಹೊತ್ತು. ಆ ದಿನಗಳ ವಿಷ್ಯ ನಾನಿನ್ನೂ ಏನೂ ಕೇಳೇ ಇಲ್ಲ."

ಫೋನಿನ ಆ ತುದಿಯಲ್ಲಿ ಅವನು ಅಳುತ್ತಿದ್ದ. ಅವಳು ರಿಸೀವರ್ ಇಡದೆ ಕಾದಳು.